ಡಿಸ್ಚಾರ್ಜ್ ಕಾರ್ಡಿನಿಂದ ಟ್ರ್ಯಾಕ್ಟರ್ ಎಲ್ಲಿ ಹೋಯ್ತು?

ನಾನು ಮುಳಗುಂದದವನು. ಊರಲ್ಲಿ ನಮ್ಮ ಎರಿ ಹೊಲ ಇದೆ. ಕೆಲಸ ಮಾತ್ರ ಬೆಂಗಳೂರಿನಲ್ಲಿ, ಮೆಡಿಕಲ್ ಕೋಡಿಂಗ್. ಅಮೆರಿಕದ ಆಸ್ಪತ್ರೆಗಳ ರೋಗಿಗಳ ಕಾಗದ ಓದುವುದು, ಪ್ರತಿ ರೋಗಕ್ಕೆ, ಪ್ರತಿ ಗಾಯಕ್ಕೆ ಒಂದು ಅಕ್ಷರ, ನಾಲ್ಕಾರು ಅಂಕಿಯ ಕೋಡ್ ಹಚ್ಚುವುದು. ಊರಿಗೆ ಹೋದಾಗ 'ಏನ್ ಕೆಲಸಾನೋ ತಮ್ಮಾ' ಅಂತ ಕೇಳಿದವರಿಗೆ ಬಿಡಿಸಿ ಹೇಳಲಿಕ್ಕೆ ಹೋಗಿ ಎಷ್ಟೋ ಸಲ ಸೋತಿದ್ದೇನೆ. ನಮ್ಮ ಕೋಡ್ ಪುಸ್ತಕದಲ್ಲಿ ಆಕಳು ಕಚ್ಚಿದರೆ ಒಂದು ಕೋಡ್ (ಡಬ್ಲ್ಯೂ 55.21), ಆಕಳು ಹಾಯ್ದರೆ ಇನ್ನೊಂದು (ಡಬ್ಲ್ಯೂ 55.22) ಅಂದರೆ ಕಟ್ಟೆ ಮೇಲೆ ಕುಂತವರೆಲ್ಲ ನಗ್ತಾರ.

ನಮ್ಮ ಕಾಕಾನ ಮಗನ ಕಾಲು ಹೋದ ಮೇಲೆ ಆ ನಗು ನಿಂತಿತು. ಅವನ ಕಾಗದಗಳನ್ನು ಕೈಯಲ್ಲಿ ಹಿಡಿದು ಓದಿದಾಗ, ದಿನಾ ನಾನು ಮಾಡುವ ಕೆಲಸ ನಮ್ಮ ಮನೆಯವರಿಗೇ ಎಷ್ಟು ಬೇಕಿತ್ತು ಅಂತ ಗೊತ್ತಾಯ್ತು. ಈ ವಾರ ಅದನ್ನೇ ಬರೆಯುತ್ತಿದ್ದೇನೆ. ಟ್ರ್ಯಾಕ್ಟರ್ ಇರುವ ಮನೆಯವರು, ಬಾಡಿಗೆಗೆ ಟ್ರ್ಯಾಕ್ಟರ್ ಹೊಡೆಯುವವರು, ರಾಶಿ ಮಷಿನ್ ಮುಂದೆ ನಿಲ್ಲುವವರು ದಯವಿಟ್ಟು ಪೂರ್ತಿ ಓದಿ.

ಹೊಲದಲ್ಲಿ ಆದದ್ದು

ಹಿಂಗಾರಿ ಕಡ್ಲಿ ಬಿತ್ತುವ ಮುಂಚಿನ ದಿನಗಳು. ಎರಡು ದಿನ ಮಳೆ ಹೊಡೆದು ಬಿಟ್ಟಿತ್ತು. ಎರಿ ಮಣ್ಣು ನಿಮಗೆ ಗೊತ್ತು, ಮೇಲೆ ಒಣಗಿದಂಗ ಕಾಣ್ತದ, ಒಳಗೆ ಬೆಣ್ಣಿ. ಒಡ್ಡಿನ ಹತ್ತಿರ ಟ್ರ್ಯಾಕ್ಟರಿನ ಹಿಂದಿನ ಗಾಲಿ ಹುಗಿದವು. ನಾವೆಲ್ಲರೂ ಮಾಡುವ ತಪ್ಪನ್ನೇ ಅವನೂ ಮಾಡಿದ: ಹಿಂದಿನ ಗಾಲಿಗೆ ಅಡ್ಡ ಕಟ್ಟಿಗೆ ಕಟ್ಟಿ ಕ್ಲಚ್ ಬಿಟ್ಟ. ಗಾಲಿ ತಿರುಗಲಿಕ್ಕೆ ದಾರಿ ಇಲ್ಲದಿದ್ದಾಗ ಎಂಜಿನ್ ಶಕ್ತಿ ಗಾಲಿಯನ್ನು ಬಿಟ್ಟು ಟ್ರ್ಯಾಕ್ಟರಿನ ಮೈಯನ್ನೇ ಆಕ್ಸಲ್ ಸುತ್ತ ತಿರುಗಿಸುತ್ತದೆ, ಮುಂದಿನ ಮೂತಿ ಎದ್ದು ಬರುತ್ತದೆ. ಇದು ಕಣ್ಣು ಮುಚ್ಚಿ ತೆರೆಯುವುದರೊಳಗೆ ಆಗುವ ಕೆಲಸ. ಮೂತಿ ಎದ್ದದ್ದು ನೋಡಿ ಅವನು ಪಕ್ಕಕ್ಕೆ ಜಿಗಿದ. ಟ್ರ್ಯಾಕ್ಟರ್ ಪೂರ್ತಿ ಮಗಚಲಿಲ್ಲ, ವಾಪಸ್ ಕೆಳಗೆ ಬಿದ್ದು ಮುಂದಕ್ಕೆ ಉರುಳಿತು. ಹಿಂದಿನ ಗಾಲಿ ಅವನ ಎಡಗಾಲಿನ ಮೇಲೆ ಹಾಯ್ತು. ಮೊಣಕಾಲಿನ ಕೆಳಗಿನ ಎಲುಬು ಮುರಿದು ಹೊರಗೆ ಬಂದಿತ್ತು, ಗಾಯದ ತುಂಬ ಕರಿ ಮಣ್ಣು.

ಆಸ್ಪತ್ರೆಗೆ ಒಯ್ದವನು ಅವನ ಅಣ್ಣ. ಕ್ಯಾಶುವಾಲ್ಟಿಯಲ್ಲಿ ಡಾಕ್ಟರ್ 'ಏನಾಯ್ತು' ಅಂದಾಗ, ಪೊಲೀಸ್ ಕೇಸ್ ಆಗ್ತದೇನೋ ಅಂತ ಹೆದರಿ ಇವನು ಹೇಳಿದ್ದು ಒಂದೇ ಮಾತು: 'ಹೊಲದಾಗ ಬಿದ್ದಾನ್ರಿ.'

ಅದನ್ನೇ ಬರೆದುಕೊಂಡರು.

ರಾಡ್ ಹಾಕಿದರು, ಚರ್ಮ ಕಸಿ ಮಾಡಿದರು. ಗಾಯ ಮಾಗಿದಂತೆ ಕಂಡು ಮತ್ತೆ ಕೀವು ಸೋರಲಿಕ್ಕೆ ಹತ್ತಿತು. ಎಲುಬಿಗೇ ಸೋಂಕು ಇಳಿದಿತ್ತು. ಬೇರೆ ಊರಿನ ಬೇರೆ ಆಸ್ಪತ್ರೆಯಲ್ಲಿ ಮೂರು ಸಲ ಸ್ವಚ್ಛ ಮಾಡಿದರೂ ನಿಲ್ಲದೆ, ಎಂಟನೇ ತಿಂಗಳಲ್ಲಿ ಮೊಣಕಾಲಿನ ಕೆಳಗೆ ಕಾಲು ತೆಗೆಯಬೇಕಾಯ್ತು. ಆ ಎರಡನೇ ಆಸ್ಪತ್ರೆಯ ಡಿಸ್ಚಾರ್ಜ್ ಕಾರ್ಡಿನಲ್ಲಿ ಇದ್ದದ್ದು ಇಷ್ಟು: ದೀರ್ಘಕಾಲದ ಎಲುಬಿನ ಸೋಂಕು, ಅದಕ್ಕಾಗಿ ಕಾಲು ತೆಗೆಯಲಾಗಿದೆ. ಟ್ರ್ಯಾಕ್ಟರ್ ಇಲ್ಲ, ಹೊಲ ಇಲ್ಲ, ಅಪಘಾತ ಅನ್ನುವ ಪದವೇ ಇಲ್ಲ.

ಅವನಿಗೆ ಬ್ಯಾಂಕ್ ಖಾತೆ ಜೊತೆ ಬಂದಿದ್ದ ಒಂದು ಅಪಘಾತ ವಿಮೆ ಇತ್ತು. ಅಪಘಾತವಾದ 12 ತಿಂಗಳೊಳಗೆ ಕಾಲು ಹೋದರೆ ದುಡ್ಡು ಕೊಡಬೇಕು ಅಂತ ಅದರಲ್ಲಿ ಬರೆದಿತ್ತು. ಅರ್ಜಿ ಹಾಕಿದ. ಉತ್ತರ ಬಂತು: ಕಾಲು ಹೋಗಿದ್ದು ಸೋಂಕಿನಿಂದ, ಅದು ಕಾಯಿಲೆ, ಅಪಘಾತವಲ್ಲ, ಕ್ಲೇಮ್ ತಿರಸ್ಕರಿಸಲಾಗಿದೆ. ಅವರ ಮುಂದಿದ್ದ ಕಾಗದದ ಪ್ರಕಾರ ನೋಡಿದರೆ ಅವರು ಹೇಳಿದ್ದರಲ್ಲಿ ತಪ್ಪೂ ಇರಲಿಲ್ಲ. ನನಗೆ ಹೊಟ್ಟೆ ಉರಿದದ್ದು ಅದಕ್ಕೇ.

ಕೋಡ್ ಹೇಗೆ ಕೆಲಸ ಮಾಡುತ್ತದೆ

ವಿಶ್ವ ಆರೋಗ್ಯ ಸಂಸ್ಥೆಯ ರೋಗಗಳ ಪಟ್ಟಿಗೆ ಐಸಿಡಿ ಅನ್ನುತ್ತಾರೆ. ನಮ್ಮ ದೇಶದ ಆಸ್ಪತ್ರೆಗಳ ದಾಖಲೆ ವಿಭಾಗಗಳು ಬಳಸುವುದು ಅದರ ಹತ್ತನೇ ಆವೃತ್ತಿ, ಐಸಿಡಿ-10. (ಹನ್ನೊಂದನೆಯದು 2022ರ ಜನವರಿಯಿಂದ ಜಾರಿಗೆ ಬಂದಿದೆ, ಅದರ ಕೋಡ್‌ಗಳು ಬೇರೆ ಥರ ಕಾಣುತ್ತವೆ. ಆದರೆ ತತ್ವ ಇದೇ.) ಗಾಯವೊಂದಕ್ಕೆ ಅದು ಎರಡು ಪ್ರಶ್ನೆ ಕೇಳುತ್ತದೆ. ಮೈಗೆ ಏನಾಯ್ತು? ಹೇಗಾಯ್ತು? ಮೊದಲನೆಯದಕ್ಕೆ ಎಸ್ ಮತ್ತು ಟಿ ಅಕ್ಷರದ ಕೋಡ್. ಎರಡನೆಯದಕ್ಕೆ ವಿ, ಡಬ್ಲ್ಯೂ, ಎಕ್ಸ್, ವೈ. ನಮ್ಮ ಹುಡುಗನ ಮುರಿದ ಎಲುಬು ಎಸ್ 82.2. ಅದು ಹೇಗಾಯ್ತು ಅನ್ನುವುದು ವಿ 84.5 ಆಗಬೇಕಿತ್ತು.

ವಿ 84 ನಮ್ಮದೇ ಕೋಡ್ ಅಂದುಕೊಳ್ಳಿ. ಮುಖ್ಯವಾಗಿ ಕೃಷಿಗೆ ಬಳಸುವ ವಾಹನದ ಮೇಲಿದ್ದವರಿಗೆ ಆದ ಅಪಘಾತ ಅಂತ ಅದರ ಅರ್ಥ, ಟ್ರ್ಯಾಕ್ಟರ್ ಟ್ರೇಲರ್ ಸಮೇತ. ಚುಕ್ಕಿಯ ನಂತರದ ಅಂಕಿ ಇನ್ನೂ ಸೂಕ್ಷ್ಮ. 0 ಅಂದರೆ ರಸ್ತೆ ಮೇಲೆ ಆದದ್ದು, ಗಾಯವಾದವನು ಡ್ರೈವರ್. 5 ಅಂದರೆ ಡ್ರೈವರೇ, ಆದರೆ ರಸ್ತೆ ಬಿಟ್ಟು ಹೊಲದಲ್ಲೋ ಕಣದಲ್ಲೋ ಆದದ್ದು. 6 ಪ್ರಯಾಣಿಕ. 7 ಅಂದರೆ ವಾಹನದ ಹೊರಮೈ ಮೇಲೆ ಇದ್ದವನು. ನಮ್ಮ ಭಾಷೆಯಲ್ಲಿ ಹೇಳಬೇಕೆಂದರೆ ಹಿಂದೆ ಜೋತುಬಿದ್ದು ಹೊರಟವನು. 4 ಹತ್ತುವಾಗ ಇಳಿಯುವಾಗ ಆದದ್ದು. ಜಿನೀವಾದಲ್ಲಿ ಕುಂತು ಬರೆದವರಿಗೂ ಟ್ರ್ಯಾಕ್ಟರ್ ಮೇಲೆ ಜನ ಹೇಗೆ ಹೋಗ್ತಾರೆ ಅಂತ ಗೊತ್ತಿತ್ತು ಅನ್ನಿಸುತ್ತದೆ.

ರಾಶಿ ಮಷಿನ್ನಿಗೆ ಕೈ ಸಿಕ್ಕರೆ ಅದು ವಿ 84 ಅಲ್ಲ, ಡಬ್ಲ್ಯೂ 30, ಕೃಷಿ ಯಂತ್ರದಿಂದಾದ ಗಾಯ. ಯಂತ್ರ ತಾನೇ ಓಡುತ್ತಿದ್ದರೆ ಅಥವಾ ಎಳೆಯಲ್ಪಡುತ್ತಿದ್ದರೆ ಮಾತ್ರ ವಿ ಗುಂಪಿಗೆ ಹೋಗುತ್ತದೆ. ಅಂದರೆ ಹೊಲದಲ್ಲಿ ಎಳೆಯುತ್ತಿದ್ದ ರೋಟಾವೇಟರ್‌ಗೆ ಕಾಲು ಸಿಕ್ಕದ್ದು, ಕಣದಲ್ಲಿ ನಿಂತ ರಾಶಿ ಮಷಿನ್ನಿಗೆ ಕೈ ಸಿಕ್ಕದ್ದು ಬೇರೆ ಬೇರೆ. ಜೆಸಿಬಿಗೆ ವಿ 85. ಅಮೆರಿಕದಲ್ಲಿ ಹೊಲ ಗುಡ್ಡ ತಿರುಗುವ ನಾಲ್ಕು ಗಾಲಿಯ ಗಾಡಿಗಳಿಗೆ ವಿ 86. ನಾನು ದಿನಾ ನೋಡುವುದು ಹೆಚ್ಚು ಅದನ್ನೇ.

ಮತ್ತೆ 'ಹೊಲದಾಗ ಬಿದ್ದಾನ್ರಿ' ಅಂದರೆ? ಡಬ್ಲ್ಯೂ 19.7. ಹೇಗೋ ಬಿದ್ದ, ಸ್ಥಳ ಹೊಲ. ಅಷ್ಟೇ. ಕೋಡ್ ಹಚ್ಚುವವರಿಗೆ ಊಹೆ ಮಾಡುವ ಅಧಿಕಾರ ಇಲ್ಲ. ಎಕ್ಸ್-ರೇ ನೋಡಿ 'ಇದು ಬಿದ್ದದ್ದಲ್ಲ, ಏನೋ ಭಾರ ಹಾಯ್ದದ್ದು' ಅಂತ ನನಗೆ ಅನ್ನಿಸಿದರೂ ಡಾಕ್ಟರ್ ಬರೆಯದೆ ನಾನು ಹಚ್ಚುವ ಹಾಗಿಲ್ಲ. ಇದು ಬೆಂಗಳೂರಿಗೂ ಒಂದೇ, ಗದಗಕ್ಕೂ ಒಂದೇ.

ಗಾಯ ಮಾಗಿದ ಮೇಲೆ ಉಳಿಯುವುದು

ಈಗ ಮುಖ್ಯ ವಿಷಯ. ಅಪಘಾತದ ಗಾಯ ಮಾಗುತ್ತದೆ, ಅದರ ಹಿಂದೆ ಬರುವ ತೊಂದರೆ ಉಳಿಯುತ್ತದೆ. ಕಾಲು ಗಿಡ್ಡಾಗುವುದು, ಮೊಣಕಾಲು ಮಡಚದಿರುವುದು, ಕೈಯಲ್ಲಿ ಶಕ್ತಿ ಇಲ್ಲದಿರುವುದು, ತಲೆಗೆ ಪೆಟ್ಟು ಬಿದ್ದವನಿಗೆ ಫಿಟ್ಸ್, ಎಲುಬಿಗೆ ಇಳಿದ ಸೋಂಕು. ಕೋಡಿಂಗ್ ಭಾಷೆಯಲ್ಲಿ ಇದಕ್ಕೆ ಸಿಕ್ವೆಲಾ ಅನ್ನುತ್ತಾರೆ. ಗಾಯದ ಬೆನ್ನಿಗೆ ಬಂದದ್ದು ಅಂತ ಇಟ್ಟುಕೊಳ್ಳಿ.

ಸಿಕ್ವೆಲಾ ಬರೆಯಲಿಕ್ಕೆ ಒಂದು ಕೋಡ್ ಸಾಲದು, ಒಂದು ಸರಪಳಿ ಬೇಕು. ಮೊದಲು ಈಗ ಇರುವ ತೊಂದರೆ: ಎಲುಬಿನ ಸೋಂಕು, ಎಂ 86.6. ಆಮೇಲೆ ಅದು ಯಾವ ಹಳೇ ಗಾಯದಿಂದ ಬಂತು: ಕಾಲಿನ ಮೂಳೆ ಮುರಿತದ ಉಳಿಕೆ, ಟಿ 93.2. ಕೊನೆಗೆ ಆ ಗಾಯ ಹೇಗಾಗಿತ್ತು: ವೈ 85, ವಾಹನ ಅಪಘಾತದ ಉಳಿಕೆ, ಯಂತ್ರದಿಂದಾಗಿದ್ದರೆ ವೈ 86. ಕಾಲು ತೆಗೆದಾದ ಮೇಲೆ ಮುಂದಿನ ಭೇಟಿಗಳಲ್ಲಿ ಝಡ್ 89.5 ಸೇರುತ್ತದೆ, ಮೊಣಕಾಲಿನ ಕೆಳಗೆ ಕಾಲು ಇಲ್ಲ ಅಂತ. ತಲೆ ಪೆಟ್ಟಿನ ಉಳಿಕೆಗೆ ಟಿ 90, ಕುತ್ತಿಗೆ ಬೆನ್ನಿಗೆ ಟಿ 91, ಕೈಗೆ ಟಿ 92. ಅಮೆರಿಕದವರು ಇದನ್ನೇ ಬೇರೆ ಥರ ಮಾಡುತ್ತಾರೆ, ಮೂಲ ಕೋಡಿನ ಕೊನೆಗೆ ಎಸ್ ಅಕ್ಷರ ಅಂಟಿಸುತ್ತಾರೆ. ಟ್ರ್ಯಾಕ್ಟರ್ ಡ್ರೈವರಿಗೆ ಹೊಲದಲ್ಲಾದ ಅಪಘಾತದ ಉಳಿಕೆ ಅಂದರೆ ಅಲ್ಲಿ ವಿ 84.5ಎಕ್ಸ್‌ಎಕ್ಸ್‌ಎಸ್. ಅಯೋವಾದ ರೈತನೊಬ್ಬನ ಹತ್ತು ವರ್ಷ ಹಳೇ ಮೊಣಕಾಲಿಗೆ ನಾನೇ ಇಂಥ ಕೋಡ್ ಹಚ್ಚಿದ್ದೇನೆ, ಚಹಾ ಕುಡೀತ ಕುಡೀತ.

ಎಷ್ಟು ದಿನದ ಮೇಲೆ ಸಿಕ್ವೆಲಾ ಅನ್ನಬೇಕು? ವಿಶ್ವ ಆರೋಗ್ಯ ಸಂಸ್ಥೆಯ ಸೂಚನೆ ಪ್ರಕಾರ, ಡಾಕ್ಟರ್ 'ಇದು ಆ ಗಾಯದ ಪರಿಣಾಮ' ಅಂತ ಬರೆದಿದ್ದರೆ ಯಾವಾಗಲಾದರೂ ಸರಿ; ಇಲ್ಲವೆಂದರೆ ಗಾಯವಾಗಿ ಒಂದು ವರ್ಷ ದಾಟಿಯೂ ಉಳಿದಿದ್ದರೆ. ನಮ್ಮ ಹುಡುಗನದು ಎಂಟನೇ ತಿಂಗಳು. ಹಾಗಾಗಿ ಡಾಕ್ಟರರ ಆ ಒಂದು ಸಾಲು ಬೇಕೇ ಬೇಕಿತ್ತು. 'ಟ್ರ್ಯಾಕ್ಟರ್ ಅಪಘಾತದಲ್ಲಾದ ತೆರೆದ ಮೂಳೆ ಮುರಿತದ ಪರಿಣಾಮವಾಗಿ' ಅಂತ ಐದಾರು ಪದ. ಎರಡನೇ ಆಸ್ಪತ್ರೆಯವರಿಗೆ ಮೊದಲನೇ ಆಸ್ಪತ್ರೆಯ ಕಾರ್ಡ್ ತೋರಿಸಿದ್ದರು, ಅದರಲ್ಲೇ 'ಬಿದ್ದದ್ದು' ಅಂತ ಇದ್ದಾಗ ಅವರಾದರೂ ಏನು ಬರೆದಾರು?

ನಾವು ಮಾಡಿದ್ದು

ಹಳೇ ಕೇಸಿನ ಕಾಗದ ತೆಗೆಸಿದೆವು. ನೆನಪಿರಲಿ, 2002ರ ವೈದ್ಯಕೀಯ ಮಂಡಳಿ ನಿಯಮಗಳ ಪ್ರಕಾರ ಒಳರೋಗಿಗಳ ದಾಖಲೆಯನ್ನು ಚಿಕಿತ್ಸೆ ಶುರುವಾದಾಗಿನಿಂದ 3 ವರ್ಷ ಇಡಬೇಕು, ರೋಗಿಯಾಗಲಿ ಅವನು ಅಧಿಕಾರ ಕೊಟ್ಟವರಾಗಲಿ ಕೇಳಿದರೆ 72 ತಾಸಿನೊಳಗೆ ಕೊಡಬೇಕು. ಡಿಸ್ಚಾರ್ಜ್ ಕಾರ್ಡ್ ಒಂದನ್ನೇ ಕೇಳಬೇಡಿ, ಪೂರ್ತಿ ಕೇಸ್ ಶೀಟ್ ಕೇಳಿ, ಬರವಣಿಗೆಯಲ್ಲಿ ಕೇಳಿ, ಸ್ವೀಕೃತಿ ಸಹಿ ತಗೊಳ್ಳಿ.

ಅರವತ್ತು ಚಿಲ್ಲರೆ ಪುಟ ಬಂದವು. ರಾತ್ರಿ ಕುಂತು ಓದಿದೆ. ಹನ್ನೊಂದನೇ ಪುಟದಲ್ಲಿ, ಮೊದಲ ರಾತ್ರಿ ಪಾಳಿಯ ನರ್ಸ್ ಒಬ್ಬರು ಬರೆದಿದ್ದರು, ರೋಗಿ ಹೇಳುವಂತೆ ಟ್ರ್ಯಾಕ್ಟರ್ ಗಾಲಿ ಕಾಲಿನ ಮೇಲೆ ಹಾಯ್ದಿದೆ ಅಂತ. ನೋವಿನ ಇಂಜೆಕ್ಷನ್ ಕೊಡುವಾಗ ಹುಡುಗ ಅವರಿಗೆ ನಿಜ ಹೇಳಿದ್ದ, ಅವರು ಹೇಳಿದ್ದನ್ನು ಹೇಳಿದಂತೆ ಬರೆದಿಟ್ಟಿದ್ದರು. ಆ ನರ್ಸಮ್ಮ ಯಾರೋ, ಈಗ ಎಲ್ಲಿದ್ದಾರೋ. ಆಪರೇಷನ್ ಟಿಪ್ಪಣಿಯಲ್ಲೂ ಜಜ್ಜಿದ ಗಾಯ, ಮಣ್ಣು ಸೇರಿದೆ ಅಂತ ಇತ್ತು.

ಆ ಎರಡು ಪುಟ ಹಿಡಿದು ಎರಡನೇ ಆಸ್ಪತ್ರೆಯ ಸರ್ಜನ್ ಹತ್ತಿರ ಹೋದೆವು. ಹಳೇ ಕಾರ್ಡ್ ತಿದ್ದಿ ಕೊಡಿ ಅಂತ ಕೇಳಲಿಲ್ಲ. ತಿದ್ದುವುದು ಅಪರಾಧ, ತಿದ್ದಿಸುವುದೂ ಅಪರಾಧ. ಇವತ್ತಿನ ತಾರೀಖು ಹಾಕಿ, ಹಳೇ ದಾಖಲೆ ನೋಡಿದ್ದೇನೆ, ಈ ಸೋಂಕು ಆ ಗಾಯದ ಪರಿಣಾಮ ಅಂತ ತಮಗೆ ಅನ್ನಿಸಿದರೆ ಒಂದು ಪತ್ರ ಬರೆಯಿರಿ ಅಂತ ಕೇಳಿದೆವು. ಅವರು ಓದಿ, ಎರಡು ಪ್ರಶ್ನೆ ಕೇಳಿ, ಬರೆದುಕೊಟ್ಟರು. ಅಕ್ಕಪಕ್ಕದ ಹೊಲದ ಇಬ್ಬರ ಪ್ರಮಾಣಪತ್ರ ಸೇರಿಸಿ ಮತ್ತೆ ಅರ್ಜಿ ಹಾಕಿದೆವು. ಏಳು ತಿಂಗಳು ಅಲೆದ ಮೇಲೆ ದುಡ್ಡು ಬಂತು.

ಆದರೆ ಇನ್ನೊಂದು ದುಡ್ಡು ಬರಲೇ ಇಲ್ಲ. ಟ್ರ್ಯಾಕ್ಟರ್ ವಿಮೆಯ ಜೊತೆ ಮಾಲೀಕ-ಚಾಲಕನ ವೈಯಕ್ತಿಕ ಅಪಘಾತ ರಕ್ಷಣೆ ಇರುತ್ತದೆ, 2018ರಿಂದ ಅದರ ಮೊತ್ತ 15 ಲಕ್ಷ ರೂಪಾಯಿ. ಒಂದು ಕೈಯೋ ಕಾಲೋ ಹೋದರೆ ಅದರ ಅರ್ಧ. ಆದರೆ ಆರ್‌ಸಿಯಲ್ಲಿ ಹೆಸರಿದ್ದವನೇ ಓಡಿಸುತ್ತಿರಬೇಕು, ಅವನ ಹತ್ತಿರ ಚಾಲ್ತಿ ಲೈಸೆನ್ಸ್ ಇರಬೇಕು, ಅಪಘಾತವಾದ ಆರು ತಿಂಗಳೊಳಗೆ ಅಂಗ ಹೋಗಿರಬೇಕು. ನಮ್ಮ ಟ್ರ್ಯಾಕ್ಟರ್ ಕಾಕಾನ ಹೆಸರಲ್ಲಿ, ಓಡಿಸುವವನು ಮಗ. ನಮ್ಮ ಕಡೆ ಹತ್ತರಲ್ಲಿ ಎಂಟು ಮನೆ ಹೀಗೇ ಅದಾವ. ಅಪ್ಪನ ಹೆಸರಲ್ಲಿ ಟ್ರ್ಯಾಕ್ಟರ್ ಇದ್ದು ನೀವು ಓಡಿಸುತ್ತಿದ್ದರೆ, ಮುಂದಿನ ಸಲ ವಿಮೆ ನವೀಕರಿಸುವಾಗ ಕೂಲಿ ಚಾಲಕನಿಗೆ ಅಥವಾ ಹೆಸರು ಹೇಳಿದ ಚಾಲಕನಿಗೆ ಬೇರೆ ರಕ್ಷಣೆ ಸೇರಿಸಲು ಎಷ್ಟಾಗುತ್ತದೆ ಅಂತ ಕೇಳಿ. ಈ ಲೇಖನದಲ್ಲಿ ಒಂದೇ ಕೆಲಸ ಮಾಡುವುದಿದ್ದರೆ ಇದನ್ನು ಮಾಡಿ.

ಎಲ್ಲರಿಗೂ ಕೈಗೆಟಕುವುದು ಪ್ರಧಾನಮಂತ್ರಿ ಸುರಕ್ಷಾ ಬಿಮಾ ಯೋಜನೆ. 2015ರಲ್ಲಿ ಶುರುವಾಯ್ತು, 18ರಿಂದ 70 ವರ್ಷದವರಿಗೆ, ಈಗ ವರ್ಷಕ್ಕೆ 20 ರೂಪಾಯಿ. ಸತ್ತರೆ ಅಥವಾ ಎರಡು ಕೈ, ಎರಡು ಕಾಲು, ಎರಡು ಕಣ್ಣು ಹೋದರೆ 2 ಲಕ್ಷ. ಒಂದು ಕೈ, ಕಾಲು ಅಥವಾ ಕಣ್ಣು ಪೂರ್ತಿ ಹೋದರೆ 1 ಲಕ್ಷ. ಗಡ್ಡು ಬಿದ್ದ ಮೊಣಕಾಲಿಗೆ ಏನೂ ಇಲ್ಲ. ಅಪಘಾತವಾದ 30 ದಿನದೊಳಗೆ ಬ್ಯಾಂಕಿಗೆ ತಿಳಿಸಬೇಕು. ಮೇ ಕೊನೆಗೆ ಖಾತೆಯಲ್ಲಿ 20 ರೂಪಾಯಿ ಇದೆಯೋ ಇಲ್ಲವೋ ನೋಡಿಕೊಳ್ಳಿ, ಜೂನ್ 1ಕ್ಕೆ ಹೊಸ ವರ್ಷ ಶುರು.

ಕೂಲಿಗೆ ಬಂದವರ ಮಾತು

ಟ್ರ್ಯಾಲಿ ಮೇಲೆ, ಮಡ್‌ಗಾರ್ಡ್ ಮೇಲೆ ಕುಂತು ಬರುವವರ ಸ್ಥಿತಿ ಇನ್ನೂ ಕಷ್ಟ. ಟ್ರ್ಯಾಕ್ಟರಿಗೆ ಸೀಟ್ ಒಂದೇ, ಅದು ಡ್ರೈವರಿನದು. ಕೃಷಿಗೆ ಅಂತ ವಿಮೆ ಮಾಡಿಸಿದ ಟ್ರ್ಯಾಕ್ಟರಿನ ಟ್ರ್ಯಾಲಿಯಲ್ಲಿ ಇಟ್ಟಿಗೆ ಭಟ್ಟಿಗೆ ಮಣ್ಣು ಹೇರಿಕೊಂಡು ಹೊರಟಿದ್ದ ಕೂಲಿಯವನೊಬ್ಬನ ಪ್ರಕರಣ 2007ರಲ್ಲಿ ಸುಪ್ರೀಂ ಕೋರ್ಟ್ ತನಕ ಹೋಗಿತ್ತು (ಓರಿಯೆಂಟಲ್ ಇನ್ಶೂರೆನ್ಸ್ ವಿರುದ್ಧ ಬ್ರಿಜ್ ಮೋಹನ್). ವಿಮಾ ಕಂಪನಿ ಹೊಣೆಯಲ್ಲ ಅಂತ ಕೋರ್ಟ್ ಹೇಳಿತು. ಬಡ ಕೂಲಿಯವನು ಅನ್ನುವ ಕಾರಣಕ್ಕೆ ಮೊದಲು ಕಂಪನಿ ಕೊಡಲಿ, ಆಮೇಲೆ ಮಾಲೀಕನಿಂದ ವಸೂಲಿ ಮಾಡಿಕೊಳ್ಳಲಿ ಅಂತ ವಿಶೇಷ ಅಧಿಕಾರ ಬಳಸಿ ಆದೇಶಿಸಿತು. ಮಾಲೀಕ ಅಂದರೆ ಯಾರು? ನಮ್ಮಂಥವರೇ.

ಕೋರ್ಟಿಗೆ ಹೋಗುವವರಿಗೆ ಇನ್ನೊಂದು ತೀರ್ಪು ಗೊತ್ತಿರಲಿ: 2010ರ ಅಕ್ಟೋಬರ್‌ನಲ್ಲಿ ಬಂದ ರಾಜ್ ಕುಮಾರ್ ವಿರುದ್ಧ ಅಜಯ್ ಕುಮಾರ್. ಡಾಕ್ಟರ್ ಬರೆದ ಅಂಗವೈಕಲ್ಯದ ಶೇಕಡಾವಾರು ಒಂದು, ಅದರಿಂದ ದುಡಿಮೆ ಎಷ್ಟು ಹೋಯ್ತು ಅನ್ನುವುದು ಇನ್ನೊಂದು ಅಂತ ಅದು ಹೇಳುತ್ತದೆ. ಎಡಗೈ ಹೋದ ಗುಮಾಸ್ತನ ನೌಕರಿ ಉಳಿಯಬಹುದು, ಅದೇ ಕೈ ಹೋದ ಡ್ರೈವರ್ ಅಥವಾ ಬಡಿಗನ ದುಡಿಮೆ ಪೂರ್ತಿ ಹೋಗಬಹುದು. ಒಕ್ಕಲುತನದವರೂ ಹಂಗ ಅಲ್ಲೇನ್ರಿ? ಒದ್ದೆ ಎರಿ ಹೊಲದಲ್ಲಿ ಕೃತಕ ಕಾಲು ಹಾಕಿಕೊಂಡು ನಡೆದು ನೋಡಿದವರಿಗೇ ಗೊತ್ತು. ಅದಕ್ಕೇ ಡಾಕ್ಟರ್ ಮುಂದೆ, ವಕೀಲರ ಮುಂದೆ 'ನಾನು ಏನು ಕೆಲಸ ಮಾಡುತ್ತಿದ್ದೆ, ಈಗ ಯಾವುದು ಆಗುವುದಿಲ್ಲ' ಅನ್ನುವುದನ್ನು ಬಿಡಿಸಿ ಹೇಳಬೇಕು. ಮೋಟಾರು ವಾಹನ ಕಾಯ್ದೆಯಲ್ಲಿ ಪರಿಹಾರದ ಅರ್ಜಿಗೆ ಆರು ತಿಂಗಳ ಗಡುವು 2022ರ ಏಪ್ರಿಲ್‌ನಿಂದ ಬಂದಿದೆ, ಹಾಗಾಗಿ ಗಾಯ ಮಾಗಲಿ ಆಮೇಲೆ ನೋಡೋಣ ಅನ್ನಬೇಡಿ.

ಯುಡಿಐಡಿ ಕಾರ್ಡಿನ ದಾರಿ ಬೇರೆ. ಅದಕ್ಕೆ ಅಪಘಾತ ಹೇಗಾಯ್ತು ಅನ್ನುವುದು ಅಷ್ಟು ಮುಖ್ಯವಲ್ಲ, ಈಗ ಎಷ್ಟು ವೈಕಲ್ಯ ಇದೆ ಅನ್ನುವುದು ಮುಖ್ಯ. ಸ್ವಾವಲಂಬನ್ ಪೋರ್ಟಲ್‌ನಲ್ಲಿ ಮೊಬೈಲಿನಿಂದಲೇ ಅರ್ಜಿ ಹಾಕಬಹುದು, ನಮ್ಮ ಜಿಲ್ಲೆಯವರಿಗೆ ತಪಾಸಣೆ ಗದಗದ ಜಿಮ್ಸ್‌ನಲ್ಲಿ. 2016ರ ಕಾಯ್ದೆ ಪ್ರಕಾರ ಹೆಚ್ಚಿನ ಸೌಲಭ್ಯಗಳಿಗೆ ಶೇ. 40 ಗೆರೆ. ಹೆಸರಿನ ಅಕ್ಷರ ಆಧಾರ್‌ನಲ್ಲಿದ್ದಂತೆಯೇ ಡಿಸ್ಚಾರ್ಜ್ ಕಾರ್ಡಿನಲ್ಲಿಯೂ ಇರಲಿ. ಬಸವರಾಜ, ಬಸಪ್ಪ, ಬಸು ಅಂತ ಮೂರು ಕಾಗದದಲ್ಲಿ ಮೂರು ಥರ ಇದ್ದರೆ ಕೋಡ್ ಸರಿ ಇದ್ದೂ ಕೆಲಸ ಆಗುವುದಿಲ್ಲ.

ಕ್ಯಾಶುವಾಲ್ಟಿಯಲ್ಲಿ ಏನು ಹೇಳಬೇಕು

108ಕ್ಕೆ ಫೋನ್ ಮಾಡಿ ಮೊದಲು ಜೀವ ಉಳಿಸಿ, ಕಾಗದ ಆಮೇಲೆ. ಆಸ್ಪತ್ರೆಯಲ್ಲಿ ಕೇಳಿದಾಗ ನಾಲ್ಕು ಮಾತು ಹೇಳಿ: ಯಾವ ವಾಹನ ಅಥವಾ ಯಂತ್ರ, ಎಲ್ಲಿ (ರಸ್ತೆಯೋ, ಹೊಲವೋ, ಕಣವೋ), ಗಾಯವಾದವನು ಆಗ ಏನು ಮಾಡುತ್ತಿದ್ದ, ಮೈ ಮೇಲೆ ಏನು ಹಾಯ್ತು ಅಥವಾ ಎಲ್ಲಿ ಸಿಕ್ಕಿತು. 'ಕಡ್ಲಿ ಹೊಲದಾಗ ಟ್ರ್ಯಾಕ್ಟರ್ ಹೊಡೀತಿದ್ದ, ಕೆಳಗ ಜಿಗದಾನ, ಹಿಂದಿನ ಗಾಲಿ ಎಡಗಾಲ ಮ್ಯಾಲೆ ಹಾಯ್ದದ' ಅಂದರೆ ಸಾಕು. ಡಾಕ್ಟರ್ ಅದನ್ನು ಎಂಎಲ್‌ಸಿ ಮಾಡಬಹುದು, ಅಂದರೆ ಪೊಲೀಸರಿಗೆ ತಿಳಿಸುವುದು. ತಿಳಿಸಿದ ಮಾತ್ರಕ್ಕೆ ನೀವು ಅಪರಾಧಿ ಆಗುವುದಿಲ್ಲ. ಎಷ್ಟೋ ವಿಮೆ ಕ್ಲೇಮ್‌ಗಳಿಗೆ ಆ ಎಂಎಲ್‌ಸಿ ನಂಬರೇ ಮೊದಲ ಸಾಕ್ಷಿ.

ಯಾರಾದರೂ ಒಬ್ಬರು ಹೊಲದಲ್ಲಿ ಉಳಿದು, ಟ್ರ್ಯಾಕ್ಟರ್ ಸರಿಸುವ ಮುಂಚೆ ಮೊಬೈಲಿನಲ್ಲಿ ಲೊಕೇಶನ್ ಆನ್ ಮಾಡಿ ನಾಲ್ಕು ಫೋಟೋ ತೆಗೆಯಲಿ. ಡಿಸ್ಚಾರ್ಜ್ ಆಗುವ ದಿನ ಕಾರ್ಡ್ ಕೈಗೆ ಬಂದ ಕೂಡಲೇ ಕೌಂಟರ್ ಬಿಡುವ ಮುಂಚೆ ಓದಿ, ಇಂಗ್ಲಿಷ್ ಬಾರದಿದ್ದರೆ ಬರುವವರಿಗೆ ಫೋಟೋ ಕಳಿಸಿ ಓದಿಸಿ. ಟ್ರ್ಯಾಕ್ಟರ್ ಅನ್ನುವ ಪದ ಇದೆಯಾ? ಯಾವ ಕಾಲು, ಎಡ ಬಲ ಸರಿ ಇದೆಯಾ? ತಾರೀಖು? ಬಿಲ್ ಕಟ್ಟುವ ಗಡಿಬಿಡಿಯಲ್ಲಿ ಇದನ್ನು ಯಾರೂ ನೋಡುವುದಿಲ್ಲ, ನಾನೂ ನಮ್ಮಪ್ಪನ ಕಣ್ಣಿನ ಆಪರೇಷನ್ನಿನಲ್ಲಿ ನೋಡಿರಲಿಲ್ಲ. ಬೇರೆ ಆಸ್ಪತ್ರೆಗೆ ಹೋಗುವಾಗ ಹಳೇ ಕಾರ್ಡ್ ಒಯ್ಯಿರಿ, ಬಾಯಲ್ಲೂ ಹೇಳಿ: ಇದು ಹೊಸ ರೋಗ ಅಲ್ಲ, ಆ ಟ್ರ್ಯಾಕ್ಟರ್ ಗಾಯದಿಂದ ಬಂದದ್ದು ಅನ್ನಿಸುತ್ತದೆ, ಹೌದಾದರೆ ಬರೆಯಿರಿ ಅಂತ.

ಕಾಕಾನ ಮಗ ಈಗ ಕೃತಕ ಕಾಲು ಹಾಕಿಕೊಂಡು ಊರ ಬಸ್ ಸ್ಟ್ಯಾಂಡ್ ಹತ್ತಿರ ಬೀಜ ಗೊಬ್ಬರದ ಅಂಗಡಿಯಲ್ಲಿ ಕೂರುತ್ತಾನೆ. ಟ್ರ್ಯಾಕ್ಟರ್ ಅವನ ಅಣ್ಣ ಹೊಡೀತಾನ. ಮೊನ್ನೆ ಪಕ್ಕದ ಓಣಿಯ ಹುಡುಗನ ಬೆರಳು ರಾಶಿ ಮಷಿನ್ನಿಗೆ ಸಿಕ್ಕಾಗ ಜೊತೆಗೆ ಹೋದವನು ಇದೇ ಅಣ್ಣ. ಕ್ಯಾಶುವಾಲ್ಟಿಯಿಂದಲೇ ನನಗೆ ಫೋನ್ ಮಾಡಿದ: 'ಇದಕ್ಕ ಡಬ್ಲ್ಯೂ 30 ಅಲ್ಲಾ?'

ಹೌದು ಅಂದೆ.

'ಎಲ್ಲಾ ಹೇಳೇನಿ. ಬರಕೊಳ್ಳಾಕತ್ಯಾರ.'